ಮುನ್ನೂರರ ನೆರಳಿನಲ್ಲಿ ನೂರಾ ಐದು

(ಗೋಕಾಕ, ಮೂಡಲಗಿ ಮತ್ತು ಹುಕ್ಕೇರಿ ತಾಲ್ಲೂಕುಗಳ ಯುವ ಕ್ರಿಕೆಟ್ ಆಟಗಾರರಿಗಾಗಿ ಗೋಕಾಕದಲ್ಲಿ ಏರ್ಪಾಡಾಗಿದ್ದ ಸಭೆಯಲ್ಲಿ ನಮ್ಮ ವರದಿಗಾರರು ಮಾಡಿದ ಭಾಷಣದ ಬರಹ ರೂಪ)



ಈ ಸಭೆಗೆ ನನ್ನನ್ನು ಕರೆದವರು ‘ಆಲ್‌ರೌಂಡರ್ ಬಗ್ಗೆ ನಾಲ್ಕು ಮಾತು ಹೇಳಿ’ ಎಂದಷ್ಟೇ ಕೇಳಿದ್ದರು. ನಾನು ದೊಡ್ಡ ಆಟಗಾರನಲ್ಲ. ಹುಕ್ಕೇರಿ ತಾಲ್ಲೂಕಿನ ಹಳ್ಳಿಯೊಂದರ ಶಾಲಾ ಬಯಲಿನಲ್ಲಿ ಟೆನಿಸ್ ಚೆಂಡಿನಲ್ಲಿ ಆಡಿದವನು. ಈಗ ಆಡುವವರ ಬಗ್ಗೆ ಬರೆಯುವ ಕೆಲಸದಲ್ಲಿದ್ದೇನೆ. ಆದ್ದರಿಂದ ಹೇಗೆ ಆಡಬೇಕೆಂದು ನಿಮಗೆ ಹೇಳುವ ಧೈರ್ಯ ಮಾಡುವುದಿಲ್ಲ. ಒಂದು ಪಂದ್ಯದ ಕತೆ ಹೇಳುತ್ತೇನೆ.

ಸಭೆ ಆರಂಭವಾಗುವ ಮೊದಲು ಹಿಂದಿನ ಸಾಲಿನಲ್ಲಿ ಕುಳಿತ ಐದಾರು ಹುಡುಗರನ್ನು ಮಾತಾಡಿಸಿದೆ. 2015ರ ಮಾರ್ಚಿನಲ್ಲಿ ಮುಂಬೈಯ ವಾಂಖೆಡೆ ಮೈದಾನದಲ್ಲಿ ಕರ್ನಾಟಕ ತಂಡ ತಮಿಳುನಾಡನ್ನು ಸೋಲಿಸಿ ರಣಜಿ ಟ್ರೋಫಿ ಗೆದ್ದಿತಲ್ಲ, ಆ ಫೈನಲ್‌ನಲ್ಲಿ ಯಾರು ಆಡಿದ್ದರು ಎಂದು ಕೇಳಿದೆ. ಒಬ್ಬ ತಕ್ಷಣ ‘ಕರುಣ್ ನಾಯರ್, ತ್ರಿಶತಕ’ ಎಂದ. ಇನ್ನೊಬ್ಬ ಕೆ.ಎಲ್. ರಾಹುಲ್ ಹೆಸರು ಹೇಳಿದ. ಅಲ್ಲಿಗೆ ನಿಂತಿತು. ಅವರನ್ನು ದೂರುವಂತಿಲ್ಲ. ಆಗ ಅವರು ಅಂಗನವಾಡಿಯಲ್ಲಿದ್ದಿರಬೇಕು. ಆದರೆ ಹಿರಿಯರನ್ನು ಕೇಳಿದರೂ ಇದೇ ಉತ್ತರ ಬರುತ್ತದೆ. ಅದೇ ಪಂದ್ಯದಲ್ಲಿ ಒಬ್ಬ ಆಟಗಾರ 34 ರನ್ನಿಗೆ 5 ವಿಕೆಟ್ ಪಡೆದು, ಬಳಿಕ ಬ್ಯಾಟ್ ಹಿಡಿದು ಔಟಾಗದೆ 105 ರನ್ ಹೊಡೆದಿದ್ದರು. ಅವರೇ ತಂಡದ ನಾಯಕ. ಹೆಸರು ಆರ್. ವಿನಯ್ ಕುಮಾರ್, ಊರು ದಾವಣಗೆರೆ.

ಒಂದು ಚಾಂಪಿಯನ್‌ಷಿಪ್ ಫೈನಲ್‌ನಲ್ಲಿ ಐದು ವಿಕೆಟ್ ಮತ್ತು ಶತಕ ಎರಡೂ ಒಬ್ಬನಿಗೇ ಒಲಿದ ಮೇಲೂ ಜನ ಅವನನ್ನು ಮರೆಯುವುದು ಹೇಗೆ? ನನ್ನ ಮಾತು ಈ ಪ್ರಶ್ನೆಯ ಸುತ್ತಲೇ ಇದೆ.

ಮೊದಲು ಆ ಪದವನ್ನು ನೋಡೋಣ. ಆಲ್‌ರೌಂಡರ್ ಎಂಬುದಕ್ಕೆ ನಮ್ಮ ಕನ್ನಡ ಪತ್ರಿಕೆಗಳ ಕ್ರೀಡಾಪುಟಗಳು ‘ಸವ್ಯಸಾಚಿ’ ಎಂದು ಬರೆಯುತ್ತ ಬಂದಿವೆ. ಅದು ಅರ್ಜುನನ ಹೆಸರು. ಎಡಗೈಯಿಂದಲೂ ಬಾಣ ಬಿಡಬಲ್ಲವನು, ಅಂದರೆ ಎರಡೂ ಕೈ ಒಂದೇ ಸಮ ನಡೆಯುವವನು ಎಂದು ಅರ್ಥ. ಹೆಸರು ಚೆನ್ನಾಗಿದೆ, ಆದರೆ ಕ್ರಿಕೆಟ್‌ನಲ್ಲಿ ಎರಡೂ ಕೈ ಒಂದೇ ಸಮ ನಡೆಯುವವರು ಬಹಳ ಕಡಿಮೆ. ಹೆಚ್ಚಿನ ಆಲ್‌ರೌಂಡರ್‌ಗಳಿಗೆ ಒಂದು ಕೈ ಗಟ್ಟಿ, ಇನ್ನೊಂದು ಕೈ ಕಷ್ಟಪಟ್ಟು ಕಲಿತದ್ದು. ನಮ್ಮ ಹಳ್ಳಿಯ ಎಂಟು ಓವರುಗಳ ಪಂದ್ಯದಲ್ಲಿ ಹನ್ನೊಂದು ಜನರೂ ಆಲ್‌ರೌಂಡರ್‌ಗಳೇ. ಅದರಲ್ಲೂ ಬ್ಯಾಟ್ ಯಾರದೋ ಅವನು ಮಹಾ ಆಲ್‌ರೌಂಡರ್. ಐದು ದಿನಗಳ ಆಟದಲ್ಲಿ ಹಾಗಲ್ಲ. ದಿನವಿಡೀ ಬೌಲಿಂಗ್ ಮಾಡಿದ ಕಾಲುಗಳಲ್ಲೇ ಮರುದಿನ ಪ್ಯಾಡ್ ಕಟ್ಟಿಕೊಂಡು ನಿಲ್ಲಬೇಕು.

ವಿನಯ್ ಕುಮಾರ್ ಗಟ್ಟಿ ಕೈ ಬೌಲಿಂಗಿನದು. ಅವರನ್ನು ಪೂರ್ಣ ಆಲ್‌ರೌಂಡರ್ ಎಂದು ಕರೆದರೆ ಕೆಲವರು ಒಪ್ಪಲಿಕ್ಕಿಲ್ಲ. ಬ್ಯಾಟ್ ಮಾಡಬಲ್ಲ ಬೌಲರ್ ಎಂದಾರು. ಅದು ಸರಿಯೇ. ಆದರೆ ಆ ಐದು ದಿನಗಳ ಮಟ್ಟಿಗೆ ಸವ್ಯಸಾಚಿ ಎಂಬ ಹೆಸರು ಅವರಿಗೆ ಒಪ್ಪುತ್ತದೆ ಎಂದು ನನ್ನ ಅಭಿಪ್ರಾಯ.

ಇನ್ನು ರಣಜಿ ಫೈನಲ್‌ನ ಒಂದು ನಿಯಮವನ್ನು ವಿವರಿಸಬೇಕು. ಅದು ಗೊತ್ತಿಲ್ಲದೆ ಈ ಕತೆ ಅರ್ಥವಾಗುವುದಿಲ್ಲ. ಪಂದ್ಯ ಐದು ದಿನ ನಡೆಯುತ್ತದೆ. ಯಾರೂ ಗೆಲ್ಲದೆ ಡ್ರಾ ಆದರೆ, ಮೊದಲ ಇನ್ನಿಂಗ್ಸ್‌ನಲ್ಲಿ ಮುನ್ನಡೆ ಪಡೆದವರೇ ಚಾಂಪಿಯನ್. ಆದ್ದರಿಂದ ಮೊದಲ ಇನ್ನಿಂಗ್ಸ್ ಎಂದರೆ ಅರ್ಧ ಪಂದ್ಯವಲ್ಲ, ಮುಕ್ಕಾಲು ಪಂದ್ಯ. ಎದುರಾಳಿಯನ್ನು ಮೊದಲ ದಿನವೇ ಕಡಿಮೆ ಮೊತ್ತಕ್ಕೆ ಕೆಡವಿದ ತಂಡಕ್ಕೆ ಆಮೇಲೆ ತಾಳ್ಮೆಯೊಂದಿದ್ದರೆ ಸಾಕು.

ಈ ನಿಯಮ ಎಷ್ಟು ಬಿಗಿ ಎಂಬುದು ಕರ್ನಾಟಕಕ್ಕೆ ಚೆನ್ನಾಗಿ ಗೊತ್ತು. 1999ರ ಫೈನಲ್‌ನಲ್ಲಿ, ಬೆಂಗಳೂರಿನ ಚಿನ್ನಸ್ವಾಮಿ ಕ್ರೀಡಾಂಗಣದಲ್ಲೇ, ಮಧ್ಯಪ್ರದೇಶ ಮೊದಲ ಇನ್ನಿಂಗ್ಸ್‌ನಲ್ಲಿ 75 ರನ್ ಮುನ್ನಡೆ ಗಳಿಸಿತ್ತು. ಕೊನೆಯ ದಿನ ಔಟಾಗದೆ ನಿಂತಿದ್ದರೆ ಸಾಕು, ಟ್ರೋಫಿ ಅವರದೇ. ಆಗ ಕನ್ನಡಕ ಹಾಕಿಕೊಂಡ ಒಬ್ಬ ಬ್ಯಾಟ್ಸ್‌ಮನ್, ವಿಜಯ್ ಭಾರದ್ವಾಜ್, ತಮ್ಮ ಆಫ್ ಸ್ಪಿನ್ ಬೌಲಿಂಗಿನಿಂದ 24 ರನ್ನಿಗೆ 6 ವಿಕೆಟ್ ಕಿತ್ತರು. ಮಧ್ಯಪ್ರದೇಶ 150ಕ್ಕೆ ಮುಗಿಯಿತು. ಕರ್ನಾಟಕ 96 ರನ್ನುಗಳಿಂದ ಗೆದ್ದಿತು. ಆ ವರ್ಷವಿಡೀ ರನ್ನುಗಳ ರಾಶಿ ಹಾಕಿದ್ದ ಭಾರದ್ವಾಜರಿಗೆ ಬೌಲಿಂಗ್ ಎಡಗೈ ಕೆಲಸ. ಫೈನಲ್ ಗೆದ್ದದ್ದು ಆ ಎಡಗೈ. ಅಂದು ಸೋತ ಮಧ್ಯಪ್ರದೇಶದ ನಾಯಕ ಚಂದ್ರಕಾಂತ ಪಂಡಿತ್. 23 ವರ್ಷಗಳ ಬಳಿಕ, 2022ರಲ್ಲಿ, ಅವರೇ ಕೋಚ್ ಆಗಿ ಮಧ್ಯಪ್ರದೇಶ ತಂಡವನ್ನು ಅದೇ ಚಿನ್ನಸ್ವಾಮಿ ಮೈದಾನಕ್ಕೆ ತಂದು ಮುಂಬೈಯನ್ನು ಸೋಲಿಸಿ ಟ್ರೋಫಿ ಎತ್ತಿಸಿದರು. ಇದು ಬೇರೆಯೇ ಕತೆ, ಇನ್ನೊಮ್ಮೆ ಕರೆದರೆ ಹೇಳುತ್ತೇನೆ.

1999ರ ನಂತರ ಕರ್ನಾಟಕಕ್ಕೆ ರಣಜಿ ಬರಲಿಲ್ಲ. 2010ರ ಜನವರಿಯಲ್ಲಿ ಮೈಸೂರಿನ ಮಾನಸಗಂಗೋತ್ರಿಯ ಗಂಗೋತ್ರಿ ಗ್ಲೇಡ್ಸ್ ಮೈದಾನದಲ್ಲಿ ಮುಂಬೈ ವಿರುದ್ಧ ಫೈನಲ್ ನಡೆಯಿತು. ಗೆಲ್ಲಲು 338 ಬೇಕಿತ್ತು. ಮನೀಶ್ ಪಾಂಡೆ 144 ಹೊಡೆದರು. ಕರ್ನಾಟಕ 331ಕ್ಕೆ ಆಲೌಟ್. 6 ರನ್ನುಗಳ ಸೋಲು. ಒಂದು ಸಿಕ್ಸರ್ ಅಂತರ. ವಿನಯ್ ಆ ತಂಡದಲ್ಲಿದ್ದರು.

ವಿನಯ್ ಹುಟ್ಟಿದ್ದು 1984ರಲ್ಲಿ. ದಾವಣಗೆರೆ ನಮ್ಮ ಗೋಕಾಕದ ಹಾಗೆಯೇ ಹತ್ತಿ ಗಿರಣಿಯ ಊರು. ಅಲ್ಲಿ ಬೆಣ್ಣೆ ದೋಸೆ, ಇಲ್ಲಿ ಕರದಂಟು, ಅಷ್ಟೇ ವ್ಯತ್ಯಾಸ ಎಂದು ತಮಾಷೆಗೆ ಹೇಳಬಹುದು. ನೀವು ಘಟಪ್ರಭಾದಲ್ಲೋ ಗೋಕಾಕ ರೋಡ್‌ನಲ್ಲೋ ರಾಣಿ ಚೆನ್ನಮ್ಮ ಎಕ್ಸ್‌ಪ್ರೆಸ್ ಹತ್ತಿದರೆ ಅದು ಬೆಂಗಳೂರು ಮುಟ್ಟುವ ಮೊದಲು ದಾವಣಗೆರೆಯನ್ನು ಹಾದೇ ಹೋಗುತ್ತದೆ. ವಿನಯ್‌ಗೆ ಅಭಿಮಾನಿಗಳು ಕೊಟ್ಟ ಹೆಸರೂ ‘ದಾವಣಗೆರೆ ಎಕ್ಸ್‌ಪ್ರೆಸ್’. ಹೆಸರು ಎಕ್ಸ್‌ಪ್ರೆಸ್ ಆದರೂ ವೇಗ ಪ್ಯಾಸೆಂಜರ್ ಗಾಡಿಯದು ಎಂದು ಕೊಂಕಾಡುವವರು ಆಗಲೇ ಇದ್ದರು. ಗಂಟೆಗೆ 130 ಕಿಲೋಮೀಟರ್ ಆಸುಪಾಸು ಅವರ ವೇಗ. ಅಂತರರಾಷ್ಟ್ರೀಯ ಆಟದಲ್ಲಿ ಅದು ಹೆಚ್ಚೇನಲ್ಲ. ಅವರು ಆಡಿದ್ದು ಒಂದೇ ಟೆಸ್ಟ್, 2012ರ ಜನವರಿಯಲ್ಲಿ ಪರ್ತ್‌ನಲ್ಲಿ. ಸಿಕ್ಕಿದ್ದು ಒಂದೇ ವಿಕೆಟ್, ಮೈಕ್ ಹಸ್ಸಿಯದು.

ಆಮೇಲೆ ಬಂತು 2013ರ ನವೆಂಬರ್ 2. ಬೆಂಗಳೂರಿನಲ್ಲಿ ಭಾರತ–ಆಸ್ಟ್ರೇಲಿಯಾ ಏಕದಿನ ಪಂದ್ಯ. ರೋಹಿತ್ ಶರ್ಮ 209 ಹೊಡೆದ ದಿನ. ಭಾರತ 383, ಆಸ್ಟ್ರೇಲಿಯಾ 326. ಎರಡೂ ತಂಡಗಳು ಹತ್ತೊಂಬತ್ತು, ಹತ್ತೊಂಬತ್ತು ಸಿಕ್ಸರ್ ಹೊಡೆದವು, ಒಟ್ಟು 38. ಭಾರತ ಗೆದ್ದಿತು, ಸರಣಿಯನ್ನೂ ಗೆದ್ದಿತು. ತವರಿನ ಮೈದಾನದಲ್ಲಿ ಆಡಿದ ವಿನಯ್ ಕುಮಾರ್ ಲೆಕ್ಕ ಮಾತ್ರ ಹೀಗಿತ್ತು: 9 ಓವರ್, 102 ರನ್, 1 ವಿಕೆಟ್. ಅದೇ ಅವರ ಕೊನೆಯ ಅಂತರರಾಷ್ಟ್ರೀಯ ಪಂದ್ಯವಾಯಿತು.

ಇಲ್ಲಿ ನನ್ನದೊಂದು ಮಾತು ಹೇಳಲೇಬೇಕು. ಆಗ ನಾನು ಒಂಬತ್ತನೆಯ ತರಗತಿ. ನಮ್ಮ ಬಯಲಿನ ತಂಡದಲ್ಲಿ ಒಬ್ಬ ಗೆಳೆಯ ಮಧ್ಯಮ ವೇಗದ ಬೌಲರ್ ಇದ್ದ. ವಿನಯ್ ಹಾಗೆಯೇ ಓಡಿಬರುತ್ತಿದ್ದ, ಬೇಕೆಂದೇ ಹಾಗೆ ಕಲಿತಿದ್ದ. ಆ ಪಂದ್ಯದ ಮರುದಿನದಿಂದ ನಾವೆಲ್ಲ ಅವನನ್ನು ‘ನೂರಾ ಎರಡು’ ಎಂದು ಕರೆಯತೊಡಗಿದೆವು. ಮೊದಲು ಅವನೂ ನಕ್ಕ. ಒಂದು ವಾರ, ಎರಡು ವಾರ. ಅವನು ಓಟ ಶುರು ಮಾಡಿದೊಡನೆ ಸ್ಲಿಪ್‌ನಲ್ಲಿ ನಿಂತವರೇ ‘ನೂರಾ ಎರಡು ಬಂತು’ ಎಂದು ಕೂಗುತ್ತಿದ್ದೆವು. ನಂತರ ಅವನು ಬೌಲಿಂಗ್ ಬಿಟ್ಟ. ಸ್ಕೋರ್ ಬರೆಯುತ್ತ ಕೂರುತ್ತಿದ್ದ. ಸ್ವಲ್ಪ ದಿನದ ಮೇಲೆ ಬಯಲಿಗೆ ಬರುವುದನ್ನೇ ಬಿಟ್ಟ. ಆ ಹೆಸರನ್ನು ಇಟ್ಟವನು ನಾನೇ.

ಒಬ್ಬ ಬೌಲರ್ ಒಂದು ದಿನ ನೂರಾ ಎರಡು ರನ್ ಕೊಟ್ಟು, ಹದಿನಾರು ತಿಂಗಳ ಬಳಿಕ ಮೂವತ್ನಾಲ್ಕಕ್ಕೆ ಐದು ವಿಕೆಟ್ ಪಡೆದರೆ, ಅವನು ನಡುವೆ ಹೊಸ ಬೌಲರ್ ಆಗಿಬಿಟ್ಟನೇ? ಇಲ್ಲ. ಅದೇ ಕೈ, ಅದೇ ವೇಗ. ಬದಲಾದದ್ದು ಆಟದ ಸ್ವರೂಪ. ಇದನ್ನು ಸ್ವಲ್ಪ ಬಿಡಿಸಿ ಹೇಳುತ್ತೇನೆ, ಏಕೆಂದರೆ ಇಲ್ಲಿ ಕುಳಿತವರಲ್ಲಿ ಅರ್ಧ ಜನ ಮಧ್ಯಮ ವೇಗದ ಬೌಲರ್‌ಗಳೇ.

ಏಕದಿನ ಪಂದ್ಯದಲ್ಲಿ 2011ರ ಕೊನೆಯಿಂದ ಎರಡು ತುದಿಗಳಿಂದ ಎರಡು ಹೊಸ ಚೆಂಡುಗಳ ಪದ್ಧತಿ ಬಂತು. ಬಿಳಿ ಚೆಂಡು ಹೊಸತಾಗಿದ್ದಾಗ ನಾಲ್ಕಾರು ಓವರ್ ತಿರುಗಿ ಆಮೇಲೆ ನೇರವಾಗಿಬಿಡುತ್ತದೆ. ಆಗ ಎರಡೂ ಚೆಂಡು ಕೊನೆಯವರೆಗೆ ಗಟ್ಟಿಯಾಗಿಯೇ ಇರುತ್ತಿದ್ದುದರಿಂದ ಬ್ಯಾಟಿಗೆ ತಾಗಿದರೆ ಹಾರುತ್ತಿತ್ತು. 2012ರ ಕೊನೆಯಲ್ಲಿ ಇನ್ನೊಂದು ನಿಯಮ ಬಂದು, ವೃತ್ತದ ಹೊರಗೆ ಐದರ ಬದಲು ನಾಲ್ಕೇ ಫೀಲ್ಡರ್‌ಗಳನ್ನು ನಿಲ್ಲಿಸಲು ಅವಕಾಶವಾಯಿತು. ಬೌಲರ್‌ಗೆ ಒಂದು ಕಡೆ ಬಾಗಿಲು ಯಾವಾಗಲೂ ತೆರೆದೇ ಇರುತ್ತದೆ ಎಂದಾಯಿತು. ಇದಕ್ಕೆ ಬೆಂಗಳೂರಿನ ಚಿಕ್ಕ ಬೌಂಡರಿ, ಸಮುದ್ರ ಮಟ್ಟದಿಂದ ಸುಮಾರು 3000 ಅಡಿ ಎತ್ತರದ ಗಾಳಿ ಸೇರಿಸಿಕೊಳ್ಳಿ. ಗಂಟೆಗೆ 130 ಕಿಲೋಮೀಟರಿನ ಚೆಂಡು ಅಲ್ಲಿ ಬ್ಯಾಟ್ಸ್‌ಮನ್ನನಿಗೆ ಊಟ.

ರಣಜಿಯ ಕೆಂಪು ಚೆಂಡು ಬೇರೆ. ಅದರ ಹೊಲಿಗೆ ಎದ್ದು ಕಾಣುತ್ತದೆ, ಕೈಗೆ ಸಿಗುತ್ತದೆ. ಆ ಹೊಲಿಗೆಯನ್ನು ನೆಟ್ಟಗೆ ಹಿಡಿದು ಬಿಟ್ಟರೆ ಗಾಳಿಯಲ್ಲೂ ಬಾಗುತ್ತದೆ, ನೆಲ ಮುಟ್ಟಿದ ಮೇಲೂ ಒಂದೆರಡು ಅಂಗುಲ ಅತ್ತಿತ್ತ ಸರಿಯುತ್ತದೆ. ಸ್ಲಿಪ್‌ನಲ್ಲಿ ಮೂವರನ್ನು ನಿಲ್ಲಿಸಬಹುದು. ವಾಂಖೆಡೆ ಇರುವುದು ಸಮುದ್ರದ ದಂಡೆಯಲ್ಲಿ. ಬೆಳಗಿನ ಹೊತ್ತು ಪಿಚ್‌ನಲ್ಲೂ ಗಾಳಿಯಲ್ಲೂ ತೇವ ಇರುತ್ತದೆ. ಅಲ್ಲಿ ಬೇಕಾದದ್ದು ವೇಗಕ್ಕಿಂತ ಹೆಚ್ಚಾಗಿ ಒಂದೇ ಜಾಗಕ್ಕೆ, ಆಫ್ ಸ್ಟಂಪ್‌ಗೆ ಸ್ವಲ್ಪ ಹೊರಗೆ, ಬ್ಯಾಟ್ಸ್‌ಮನ್ ಮುಂದೆ ಬರಬೇಕೋ ಹಿಂದೆ ಹೋಗಬೇಕೋ ಎಂದು ತಿಳಿಯದ ಉದ್ದಕ್ಕೆ, ಗಂಟೆಗಟ್ಟಲೆ ಚೆಂಡು ಹಾಕುವ ಗುಣ. ಕೇಳಲಿಕ್ಕೆ ಬೇಸರದ ಕೆಲಸ. ವಿನಯ್ ಹತ್ತು ವರ್ಷ ಅದನ್ನೇ ಮಾಡಿದ್ದರು.

ಅವಮಾನದ ಆ ನವೆಂಬರ್ ಕಳೆದ ಮೂರೇ ತಿಂಗಳಿಗೆ, 2014ರ ಫೆಬ್ರುವರಿ 2ರಂದು, ಹೈದರಾಬಾದಿನಲ್ಲಿ ವಿನಯ್ ನಾಯಕತ್ವದ ಕರ್ನಾಟಕ ಮಹಾರಾಷ್ಟ್ರವನ್ನು 7 ವಿಕೆಟ್‌ಗಳಿಂದ ಸೋಲಿಸಿ ಹದಿನೈದು ವರ್ಷಗಳ ಬಳಿಕ ರಣಜಿ ಗೆದ್ದಿತು. ಆ ಋತುವಿನಲ್ಲಿ ಇರಾನಿ ಕಪ್, ವಿಜಯ್ ಹಜಾರೆ ಟ್ರೋಫಿಗಳೂ ಬಂದವು. ಆದರೂ ದೇಶದ ಕ್ರೀಡಾಭಿಮಾನಿಗಳ ಬಾಯಲ್ಲಿ ಅವರ ಹೆಸರು ಬಂದರೆ ಜೊತೆಗೆ ಬರುತ್ತಿದ್ದದ್ದು ಆ ನೂರಾ ಎರಡೇ.

ಹೀಗೆ 2015ರ ಮಾರ್ಚ್ 8 ಬಂತು. ಆ ದಿನಗಳಲ್ಲಿ ಆಸ್ಟ್ರೇಲಿಯಾ, ನ್ಯೂಜಿಲೆಂಡ್‌ಗಳಲ್ಲಿ ವಿಶ್ವಕಪ್ ನಡೆಯುತ್ತಿತ್ತು. ನಮ್ಮವರೇ ಆದ ಸ್ಟುವರ್ಟ್ ಬಿನ್ನಿ ಭಾರತ ತಂಡದ ಜೊತೆ ಅಲ್ಲಿದ್ದರು. ರಣಜಿ ಫೈನಲ್‌ನ ಮೂರನೆಯ ದಿನವೇ ಹ್ಯಾಮಿಲ್ಟನ್‌ನಲ್ಲಿ ಭಾರತ ಐರ್ಲೆಂಡ್ ವಿರುದ್ಧ ಆಡಿತು. ಎಲ್ಲರ ಕಣ್ಣು ಅಲ್ಲಿ. ನನಗಂತೂ ಮಾರ್ಚ್ ಕೊನೆಗೆ ಎಸ್ಸೆಸ್ಸೆಲ್ಸಿ ಪರೀಕ್ಷೆ. ಗಣಿತದ ಪುಸ್ತಕದೊಳಗೆ ಮೊಬೈಲ್ ಇಟ್ಟುಕೊಂಡು ರಣಜಿ ಸ್ಕೋರ್ ನೋಡುತ್ತಿದ್ದೆ. ಮನೆಯಲ್ಲಿ ಗೊತ್ತಾಗಿ ಏನಾಯಿತು ಎಂಬುದನ್ನು ಇಲ್ಲಿ ಹೇಳುವುದಿಲ್ಲ.

ತಮಿಳುನಾಡು ಮೊದಲು ಬ್ಯಾಟ್ ಮಾಡಿತು. 134ಕ್ಕೆ ಆಲೌಟ್. ವಿನಯ್ ಕುಮಾರ್ 34ಕ್ಕೆ 5. ಅಭಿಮನ್ಯು ಮಿಥುನ್, ಎಡಗೈ ಬೌಲರ್ ಎಸ್. ಅರವಿಂದ್ ಇನ್ನೊಂದು ಕಡೆಯಿಂದ ಒತ್ತಿ ಹಿಡಿದಿದ್ದರು ಎಂಬುದನ್ನೂ ಮರೆಯಬಾರದು. ಜೋಡಿಯಿಲ್ಲದೆ ಯಾವ ಬೌಲರೂ ಐದು ವಿಕೆಟ್ ಪಡೆಯುವುದಿಲ್ಲ. ಮೊದಲ ಇನ್ನಿಂಗ್ಸ್ ಮುನ್ನಡೆಯ ನಿಯಮವನ್ನು ಈಗ ನೆನಪಿಸಿಕೊಳ್ಳಿ. ಕರ್ನಾಟಕಕ್ಕೆ ಬೇಕಾಗಿದ್ದದ್ದು 135.

ಆದರೆ ಅದೇ ಪಿಚ್ ಕರ್ನಾಟಕಕ್ಕೂ ಅಲ್ಲವೇ? 84 ರನ್ ಆಗುವಷ್ಟರಲ್ಲಿ ಐದು ವಿಕೆಟ್ ಹೋದವು. ಇಲ್ಲಿ ಒಂದು ಕ್ಷಣ ನಿಲ್ಲಿ. 84ಕ್ಕೆ 5 ಎಂಬುದು ಸೋಲಿನ ಸ್ಕೋರು. ತಮಿಳುನಾಡಿನ ಮೊತ್ತ 134ರ ಬದಲು 300 ಆಗಿದ್ದರೆ ಅಂದೇ ಅವರ ಕೈ ಮೇಲಾಗುತ್ತಿತ್ತು. 84ಕ್ಕೆ 5 ಆದಾಗಲೂ ಕರ್ನಾಟಕ ಮುನ್ನಡೆಗೆ ಐವತ್ತೊಂದೇ ರನ್ ದೂರದಲ್ಲಿತ್ತು. ಆ ಅಂತರವನ್ನು ಅಷ್ಟು ಚಿಕ್ಕದಾಗಿ ಇಟ್ಟವರು ಬೌಲರ್‌ಗಳು.

ಆಗ ಕರುಣ್ ನಾಯರ್ ಜೊತೆ ರಾಹುಲ್ ಸೇರಿಕೊಂಡರು. ರಾಹುಲ್ 188 ಹೊಡೆದರು. ಇಬ್ಬರೂ ಆರನೆಯ ವಿಕೆಟ್‌ಗೆ 386 ರನ್ ಸೇರಿಸಿದರು. ಕರುಣ್ 872 ನಿಮಿಷ, ಅಂದರೆ ಹದಿನಾಲ್ಕೂವರೆ ಗಂಟೆ ಕ್ರೀಸ್‌ನಲ್ಲಿದ್ದು 328 ಹೊಡೆದರು. 1947ರ ಫೈನಲ್‌ನಲ್ಲಿ ಹೋಳ್ಕರ್ ವಿರುದ್ಧ ಬರೋಡಾದ ಗುಲ್ ಮಹಮದ್ ಹೊಡೆದಿದ್ದ 319 ರಣಜಿ ಫೈನಲ್‌ನ ದಾಖಲೆಯಾಗಿತ್ತು. ಅದೇ ಪಂದ್ಯದಲ್ಲಿ ವಿಜಯ್ ಹಜಾರೆ 288 ಹೊಡೆದು, ಇಬ್ಬರೂ ಸೇರಿ 577 ರನ್ ಜೊತೆಯಾಟ ಆಡಿದ್ದರು. ಅರವತ್ತೆಂಟು ವರ್ಷ ನಿಂತಿದ್ದ ಗುಲ್ ಮಹಮದ್ ದಾಖಲೆಯನ್ನು ಕರುಣ್ ಮುರಿದರು. ಮರುವರ್ಷವೇ, 2016ರ ಡಿಸೆಂಬರಿನಲ್ಲಿ, ಇಂಗ್ಲೆಂಡ್ ವಿರುದ್ಧ ಚೆನ್ನೈ ಟೆಸ್ಟ್‌ನಲ್ಲಿ ಔಟಾಗದೆ 303 ಹೊಡೆದರು. ಇಷ್ಟು ದೊಡ್ಡ ಮರದ ನೆರಳಿನಲ್ಲಿ ಬೇರೆ ಗಿಡ ಕಾಣುವುದು ಕಷ್ಟ.

ಆ ನೆರಳಿನಲ್ಲೇ ವಿನಯ್ 105 ಹೊಡೆದರು, ಔಟಾಗಲಿಲ್ಲ. ಕರ್ನಾಟಕ 762. ಮುನ್ನಡೆ 628. ತಮಿಳುನಾಡು ಎರಡನೆಯ ಇನ್ನಿಂಗ್ಸ್‌ನಲ್ಲಿ ಚೆನ್ನಾಗಿಯೇ ಹೋರಾಡಿತು. ದಿನೇಶ್ ಕಾರ್ತಿಕ್ 120, ವಿಜಯ್ ಶಂಕರ್ 103. ಆದರೂ 411ಕ್ಕೆ ಮುಗಿದು, ಕೊನೆಯ ದಿನ ಮಾರ್ಚ್ 12ರಂದು ಕರ್ನಾಟಕ ಇನ್ನಿಂಗ್ಸ್ ಮತ್ತು 217 ರನ್ನುಗಳಿಂದ ಗೆದ್ದಿತು. ಎಂಟನೆಯ ರಣಜಿ ಟ್ರೋಫಿ, ಸತತ ಎರಡನೆಯದು.

ನನಗೆ ಸ್ಕೋರ್ ಪಟ್ಟಿಯ ಮೇಲೆ ಕೂಡಿಸಿ ಕಳೆಯುವ ಚಟ. ನೀವೂ ಮಾಡಿ ನೋಡಿ. 328, 188, 105 ಕೂಡಿದರೆ 621. 762ರಲ್ಲಿ ಉಳಿದದ್ದು 141. ಅಂದರೆ ಮಿಕ್ಕ ಎಂಟು ಆಟಗಾರರು ಮತ್ತು ಇತರೆ ರನ್ನುಗಳು ಎಲ್ಲ ಸೇರಿ 141. ತಮಿಳುನಾಡಿನ ಹನ್ನೊಂದು ಜನರ ಮೊದಲ ಇನ್ನಿಂಗ್ಸ್ 134. ಮೂವರನ್ನು ತೆಗೆದರೆ ಎರಡೂ ತಂಡ ಹೆಚ್ಚುಕಡಿಮೆ ಒಂದೇ ಆಳದಲ್ಲಿ ಮುಳುಗಿದ್ದವು. 762 ಎಂಬ ಅಂಕಿ ನೋಡಿ ‘ಪಿಚ್ ಸುಲಭವಿತ್ತು, ಯಾರು ಬೇಕಾದರೂ ಹೊಡೆಯುತ್ತಿದ್ದರು’ ಎನ್ನುವವರಿಗೆ ಈ 141ನ್ನು ತೋರಿಸಬೇಕು.

ಇನ್ನೊಂದು ಲೆಕ್ಕ, ಇದು ವಿನಯ್ ಪರವಾಗಿಲ್ಲ. ತಮಿಳುನಾಡಿನ ಎರಡೂ ಇನ್ನಿಂಗ್ಸ್ ಕೂಡಿದರೆ 545. ಕರ್ನಾಟಕದ ಮೊತ್ತದಿಂದ ವಿನಯ್ ಅವರ 105ನ್ನು ತೆಗೆದರೂ 657 ಉಳಿಯುತ್ತದೆ. ಅಂದರೆ ಆ ಶತಕ ಇಲ್ಲದೆಯೂ ಇನ್ನಿಂಗ್ಸ್ ಗೆಲುವು ಬರುತ್ತಿತ್ತು. ಫಲಿತಾಂಶಕ್ಕೆ ಅದರ ಅಗತ್ಯ ಇರಲಿಲ್ಲ ಎಂದು ಒಪ್ಪಿಕೊಳ್ಳುತ್ತೇನೆ. ಅಭಿಮಾನದಲ್ಲಿ ಲೆಕ್ಕ ತಪ್ಪಿಸಬಾರದು. ಪಂದ್ಯವನ್ನು ತಿರುಗಿಸಿದ್ದು 34ಕ್ಕೆ 5, ಅದನ್ನು ಕೈಗೆ ಸಿಗದಷ್ಟು ದೂರ ಒಯ್ದದ್ದು ಕರುಣ್–ರಾಹುಲ್ ಜೋಡಿ. 105 ಅದರ ಮೇಲೆ ಬಂದದ್ದು.

ಹಾಗಾದರೆ ನಾಯಕ ಯಾಕೆ ಆಡುತ್ತಲೇ ಇದ್ದರು, ಡಿಕ್ಲೇರ್ ಮಾಡಬಹುದಿತ್ತಲ್ಲ ಎಂದು ಆಗ ಕೆಲವರು ಮೂಗು ಮುರಿದದ್ದುಂಟು. ನಿಯಮದ ಪ್ರಕಾರ ಅವರಿಗೆ ಗೆಲ್ಲುವ ತುರ್ತು ಇರಲಿಲ್ಲ. ಮುನ್ನಡೆ ಸಿಕ್ಕಾಗಿತ್ತು, ಡ್ರಾ ಆದರೂ ಟ್ರೋಫಿ ಬರುತ್ತಿತ್ತು. ಎದುರಾಳಿಗೆ ದಾರಿ ಉಳಿದಿದ್ದದ್ದು ಒಂದೇ, ಕರ್ನಾಟಕವನ್ನು ಎರಡನೆಯ ಇನ್ನಿಂಗ್ಸ್‌ಗೆ ಇಳಿಸಿ ಕೆಡವುವುದು. ಕ್ರೀಸ್‌ನಲ್ಲಿ ಕಳೆದ ಪ್ರತಿ ಗಂಟೆಯೂ ಆ ದಾರಿಯನ್ನು ಮುಚ್ಚುತ್ತಿತ್ತು. ಆರು ರನ್ನುಗಳಿಂದ ಒಂದು ಫೈನಲ್ ಕಳೆದುಕೊಂಡ ತಂಡದವನಿಗೆ ‘ಇಷ್ಟು ಸಾಕು’ ಎನ್ನಿಸುವ ಸಂಖ್ಯೆ ಬೇರೆಯವರಿಗಿಂತ ದೊಡ್ಡದೇ ಇರುತ್ತದೆ ಎಂದು ನನಗೆ ತೋರುತ್ತದೆ. ಇದು ನನ್ನ ಊಹೆ, ಅವರ ಮಾತಲ್ಲ.

ಗೋಕಾಕ ಜಲಪಾತ ನೋಡಲು ಮಳೆಗಾಲದಲ್ಲಿ ಎಲ್ಲಿಂದೆಲ್ಲಿಂದಲೋ ಜನ ಬರುತ್ತಾರೆ. ನೀರು ಬೀಳುವುದನ್ನು ನೋಡಿ, ಫೋಟೋ ತೆಗೆದುಕೊಂಡು, ಕರದಂಟು ಕಟ್ಟಿಸಿಕೊಂಡು ಹೋಗುತ್ತಾರೆ. ಅದೇ ಘಟಪ್ರಭೆಗೆ ಮೇಲೆ ಹುಕ್ಕೇರಿ ತಾಲ್ಲೂಕಿನ ಹಿಡಕಲ್‌ನಲ್ಲಿ ಅಣೆಕಟ್ಟಿದೆ, ಅಲ್ಲಿಂದ ನೀರು ಬಿಟ್ಟರೇ ಇಲ್ಲಿ ಈ ವೈಭವ ಎಂದು ಯಾರಿಗೂ ಹೊಳೆಯುವುದಿಲ್ಲ. ಬೌಲರ್‌ಗಳ ಸ್ಥಿತಿಯೂ ಸ್ವಲ್ಪ ಹೀಗೆಯೇ.

ನಮ್ಮ ಸೀಮೆಗೆ ಇನ್ನಷ್ಟು ಹತ್ತಿರದ ಒಬ್ಬ ಸವ್ಯಸಾಚಿಯ ಹೆಸರು ಹೇಳದಿದ್ದರೆ ತಪ್ಪಾಗುತ್ತದೆ. ಗದಗದ ಸುನಿಲ್ ಜೋಶಿ. ಎಡಗೈ ಸ್ಪಿನ್ನರ್, ಕೆಳಕ್ರಮಾಂಕದ ಒಳ್ಳೆಯ ಬ್ಯಾಟ್ಸ್‌ಮನ್. ಶಾಲೆಗೆ ಹೋಗುವ ವಯಸ್ಸಿನಲ್ಲಿ ದಿನಾ ನಸುಕಿನಲ್ಲಿ ಗದಗದಿಂದ ಹುಬ್ಬಳ್ಳಿಗೆ ಹೋಗಿ, ಅಭ್ಯಾಸ ಮಾಡಿ, ಹಿಂದಿರುಗಿ ತರಗತಿಯಲ್ಲಿ ಕೂರುತ್ತಿದ್ದರು. ಸುಮಾರು 60 ಕಿಲೋಮೀಟರ್ ಹೋಗಿ, ಅಷ್ಟೇ ದೂರ ಬರಬೇಕು. 1995–96ರ ರಣಜಿ ಋತುವಿನಲ್ಲಿ ಅವರು 529 ರನ್ ಹೊಡೆದು 52 ವಿಕೆಟ್ ಪಡೆದರು. ಆ ವರ್ಷ ಕರ್ನಾಟಕವೇ ಚಾಂಪಿಯನ್. ಒಂದೇ ಋತುವಿನಲ್ಲಿ ಐನೂರು ರನ್ ಮತ್ತು ಐವತ್ತು ವಿಕೆಟ್ ಎಂದರೆ ಸಾಮಾನ್ಯವಲ್ಲ. 1999ರಲ್ಲಿ ನೈರೋಬಿಯಲ್ಲಿ ದಕ್ಷಿಣ ಆಫ್ರಿಕಾ ವಿರುದ್ಧ ಹತ್ತು ಓವರ್‌ಗಳಲ್ಲಿ ಬರೇ 6 ರನ್ ಕೊಟ್ಟು 5 ವಿಕೆಟ್ ತೆಗೆದರು. ಆ ಹತ್ತರಲ್ಲಿ ಆರು ಮೇಡನ್. ನಿಮ್ಮ ಅಪ್ಪಂದಿರನ್ನು ಕೇಳಿ, ಅವರಿಗೆ ನೆನಪಿರುತ್ತದೆ.

ಜೋಶಿ ಅವರ ಕಾಲಕ್ಕೆ ಹೋಲಿಸಿದರೆ ಈಗ ಹಾದಿ ಹತ್ತಿರವಾಗಿದೆ. ಹುಬ್ಬಳ್ಳಿಯ ರಾಜನಗರದಲ್ಲಿ ಮೈದಾನವಿದೆ. ಬೆಳಗಾವಿಯ ಆಟೋ ನಗರದಲ್ಲೂ ರಾಜ್ಯ ಕ್ರಿಕೆಟ್ ಸಂಸ್ಥೆಯ ಮೈದಾನವಿದ್ದು, 2019ರಲ್ಲಿ ಭಾರತ ‘ಎ’ ಮತ್ತು ಶ್ರೀಲಂಕಾ ‘ಎ’ ತಂಡಗಳು ಅಲ್ಲಿ ಆಡಿದವು. ಆದರೂ ಮೂಡಲಗಿಯ ಹುಡುಗ ಟೆನಿಸ್ ಚೆಂಡು ಬಿಟ್ಟು ಕೆಂಪು ಚೆಂಡಿಗೆ ಬರಬೇಕಾದರೆ ಪಿಚ್ ಬೇಕು, ಪ್ಯಾಡ್ ಬೇಕು, ದಿನಾ ಬೆಳಗಾವಿಗೆ ಹೋಗಿಬರುವ ಬಸ್ಸಿನ ದುಡ್ಡು ಬೇಕು. ಎಂಟು ಓವರಿನ ಟೆನಿಸ್ ಚೆಂಡಿನ ಆಟದಲ್ಲಿ ಹೊಲಿಗೆಯೇ ಇಲ್ಲ. ಆದ್ದರಿಂದ ವಿನಯ್ ಥರದ ಬೌಲರ್ ಅಲ್ಲಿ ತಯಾರಾಗುವುದಿಲ್ಲ, ತಯಾರಾದರೂ ಸಿಕ್ಸರ್ ಹೊಡೆಸಿಕೊಂಡು ನಗೆಪಾಟಲಾಗುತ್ತಾನೆ. ಟೂರ್ನಿ ನಡೆಸುವ ಹಿರಿಯರು ಇಲ್ಲಿದ್ದೀರಿ. ವರ್ಷಕ್ಕೆ ಒಂದಾದರೂ ಕೆಂಪು ಚೆಂಡಿನ ಪಂದ್ಯ, ಮ್ಯಾಟ್ ಹಾಸಿಯಾದರೂ ಸರಿ, ಇಡಿಸಿ ಎಂದು ಕೇಳಿಕೊಳ್ಳುತ್ತೇನೆ. ಬಹುಮಾನದಲ್ಲಿ ಒಂದು ಕಪ್ಪು ಕಡಿಮೆಯಾದರೂ ಪರವಾಗಿಲ್ಲ.

ವಿನಯ್ ಆಮೇಲೂ ಆಡಿದರು. 2017ರಲ್ಲಿ ನಾಗಪುರದಲ್ಲಿ ಮುಂಬೈ ವಿರುದ್ಧದ ಕ್ವಾರ್ಟರ್ ಫೈನಲ್‌ನಲ್ಲಿ ಹ್ಯಾಟ್ರಿಕ್ ಪಡೆದರು. 2019ರಲ್ಲಿ ಕರ್ನಾಟಕ ಬಿಟ್ಟು ಪುದುಚೇರಿ ತಂಡ ಸೇರಿದರು. 2021ರ ಫೆಬ್ರುವರಿಯಲ್ಲಿ ನಿವೃತ್ತಿ ಪ್ರಕಟಿಸುವಾಗ, ದಾವಣಗೆರೆ ಎಕ್ಸ್‌ಪ್ರೆಸ್ ಕೊನೆಗೆ ನಿವೃತ್ತಿ ಎಂಬ ನಿಲ್ದಾಣ ತಲುಪಿದೆ ಎಂಬರ್ಥದಲ್ಲಿ ಬರೆದುಕೊಂಡರು. ಪ್ರಥಮ ದರ್ಜೆಯಲ್ಲಿ ಒಟ್ಟು 504 ವಿಕೆಟ್, ಅದರಲ್ಲಿ 442 ರಣಜಿಯಲ್ಲೇ. ಅಂದಿಗೆ ರಣಜಿಯಲ್ಲಿ ಅವರಿಗಿಂತ ಹೆಚ್ಚು ವಿಕೆಟ್ ಪಡೆದ ವೇಗದ ಬೌಲರ್ ಇನ್ನೊಬ್ಬರಿರಲಿಲ್ಲ. ಪ್ಯಾಸೆಂಜರ್ ಗಾಡಿ ಎಂದವರ ಗಾಡಿಗಳು ಅಷ್ಟು ದೂರ ಹೋಗಲಿಲ್ಲ.

ಈ ಭಾಷಣ ತಯಾರಿ ಮಾಡುವಾಗ, ಹೋದ ವಾರ, ನನ್ನ ಆ ಹಳೆಯ ಗೆಳೆಯನಿಗೆ ಫೋನ್ ಮಾಡಿದೆ. ಈಗ ಅವನು ಸಕ್ಕರೆ ಕಾರ್ಖಾನೆಯೊಂದರ ತೂಕದ ಕಟ್ಟೆಯಲ್ಲಿ ಕಬ್ಬಿನ ಗಾಡಿಗಳ ಲೆಕ್ಕ ಬರೆಯುತ್ತಾನೆ. ಹಂಗಾಮಿನ ದಿನ, ಗಡಿಬಿಡಿಯಲ್ಲಿದ್ದ. ಫೈನಲ್‌ನ ಈ ಅಂಕಿಗಳನ್ನೆಲ್ಲ ಅವನಿಗೆ ಓದಿ ಹೇಳಿದೆ. 141ರ ಲೆಕ್ಕ ಕೇಳಿ ‘ಇನ್ನೊಮ್ಮೆ ಹೇಳು’ ಎಂದ. ಆಮೇಲೆ ಸ್ವಲ್ಪ ಹೊತ್ತು ಸುಮ್ಮನಿದ್ದು, ‘ನೀವು ಅವಾಗ ನನಗ ಇಟ್ಟಿದ್ದ ಹೆಸರು ಭಾಷಣದಾಗ ಹೇಳ್ತೀ ಏನು?’ ಎಂದು ಕೇಳಿದ.

‘ಹೇಳಬೇಕಂತ ಮಾಡೀನಿ’ ಎಂದೆ.

‘ಹೇಳು. ಆದರ ಮೂವತ್ನಾಕಕ್ಕ ಐದು ಅನ್ನೂದನ್ನ ಮೊದಲ ಹೇಳು’ ಎಂದ.

ಮೊದಲೇ ಹೇಳಿದ್ದೇನೆ.